ಸೀಸೆಯ ಮೇಲಿನ ಸಣ್ಣ ಅಕ್ಷರ

೧೯೯೪ರಲ್ಲಿ ಮೂಳೆ ಮತ್ತು ಹಲ್ಲಿನ ಚಿಕಿತ್ಸೆಯ ಸಾಮಗ್ರಿ ಮಾರುವ ಕಂಪನಿಯೊಂದರ ಪ್ರತಿನಿಧಿಯಾಗಿ ನನಗೆ ಸಿಂಧನೂರು, ಮಸ್ಕಿ, ಲಿಂಗಸುಗೂರು ಕೊಟ್ಟಿದ್ದರು. ಈ ಭಾಗದಲ್ಲಿ ಬಯೋಸೆರಾಮಿಕ್‌ಗೆ ಎಷ್ಟು ಬೇಡಿಕೆಯಿದೆ ಎಂದು ಮೂರು ತಿಂಗಳಲ್ಲಿ ವರದಿ ಕೊಡಬೇಕಿತ್ತು. ಬಯೋಸೆರಾಮಿಕ್ ಎಂದರೆ ದೇಹ ಒಪ್ಪಿಕೊಳ್ಳುವ ಒಂದು ಬಗೆಯ ಪಿಂಗಾಣಿ ಹರಳು. ಮೂಳೆ ಟೊಳ್ಳಾದ ಕಡೆ ತುಂಬಿದರೆ ಅದರ ಆಸರೆಯಲ್ಲಿ ಹೊಸ ಮೂಳೆ ಬೆಳೆಯುತ್ತದೆ. ಎರಡು ತಿಂಗಳು ಬಸ್ಸಿನ ಧೂಳು ಕುಡಿದರೂ ಒಂದು ಸೀಸೆಯೂ ಹೋಗಲಿಲ್ಲ. ಮೊದಲೇ ನಾನು ಕೂತಲ್ಲಿ ಕೂರದವನು. ಆಗಂತೂ ಊಟವೂ ಸೇರುತ್ತಿರಲಿಲ್ಲ.

ಕೊನೆಗೆ ಲಿಂಗಸುಗೂರಿನ ಸರ್ಜನ್ ಒಬ್ಬರು ಒಪ್ಪಿದರು. ಮುದಗಲ್ಲಿನಲ್ಲಿ ಕಿರಾಣಿ ಅಂಗಡಿ ನಡೆಸುವ ನೀಲಮ್ಮನವರ ಮೊಣಕಾಲ ಕೆಳಗಿನ ಮೂಳೆಯನ್ನು ಗಡ್ಡೆಯೊಂದು ಟೊಳ್ಳು ಮಾಡಿತ್ತು. ಗಡ್ಡೆ ಕೆರೆದು ನಮ್ಮ ಹರಳು ತುಂಬುವುದೆಂದಾಯಿತು. ಇಲ್ಲವಾದರೆ ಅವರ ಸೊಂಟದ ಮೂಳೆಯನ್ನೇ ಕೆತ್ತಿ ತುಂಬಬೇಕು. ಎರಡು ಗಾಯ, ಎರಡು ನೋವು.

ಆಪರೇಷನ್ ದಿನ ಬೆಳಿಗ್ಗೆ ನಾನು ಸೀಸೆ ಒಪ್ಪಿಸುವಾಗ ನೀಲಮ್ಮ ಕೊರಳ ಲಿಂಗ ಮುಟ್ಟಿಕೊಂಡು ಕೇಳಿದರು: “ಇದು ದನದ ಎಲುಬಿನ ಪುಡಿ ಅಲ್ಲ ಹೌದಿಲ್ರೀ? ನಮ್ಮ ಮನ್ಯಾಗ ಅಂಥದ್ದು ನಡಿಯಂಗಿಲ್ಲ.”

“ಅಲ್ಲವ್ವ, ಕಾರ್ಖಾನಿ ಮಾಲು. ಚಾದ ಕಪ್ಪಿನಂಗ ಸುಟ್ಟು ಮಾಡ್ಯಾರ,” ಎಂದೆ. ತರಬೇತಿಯಲ್ಲಿ ಕಲಿತ ಮಾತು, ಸಲೀಸಾಗಿ ಬಂತು.

ಸಿಂಧನೂರಿನ ದಂತವೈದ್ಯರನ್ನು ಕಾಣಲು ಬಸ್ಸು ಹತ್ತಿದೆ. ಅವರಿಗೆ ತೋರಿಸಬೇಕಾದ ಸೀಸೆಯನ್ನು ಮಸ್ಕಿ ಹತ್ತಿರ ಸುಮ್ಮನೆ ಹೊರಳಿಸಿ ನೋಡಿದರೆ, ಕೆಳಗೆ ಸಣ್ಣ ಅಕ್ಷರದಲ್ಲಿ ದನದ ಮೂಳೆಯನ್ನು ಸಂಸ್ಕರಿಸಿದ್ದು ಎಂದಿತ್ತು. ಹಳೆಯ ಮಾಲು ಮುಗಿದು ಗೋದಾಮಿನವರು ಇನ್ನೊಂದು ಬಗೆ ಕಳಿಸಿದ್ದರು. ಡಬ್ಬಿಯ ಬಣ್ಣ ಒಂದೇ. ನಾನು ಓದಿರಲೇ ಇಲ್ಲ. ಬೆಳಿಗ್ಗೆ ನೀಲಮ್ಮನಿಗೆಂದು ಒಪ್ಪಿಸಿದ ಸೀಸೆಯೂ ಇದೇ ಕಂತಿನದು.

ಮಸ್ಕಿಯಲ್ಲಿ ಇಳಿದು ಎಸ್‌ಟಿಡಿ ಬೂತಿನಿಂದ ಆಸ್ಪತ್ರೆಗೆ ಫೋನ್ ಹಚ್ಚಿದೆ, ಲೈನು ಸಿಗಲಿಲ್ಲ. ಸುಮ್ಮನಿದ್ದರೆ ಯಾರಿಗೂ ತಿಳಿಯದು ಎಂದು ಮನಸ್ಸು ಒಮ್ಮೆ ಹೇಳಿತು, ಸುಳ್ಳು ಯಾಕೆ ಹೇಳಲಿ. ಬಸ್ಸಿಗೂ ಕಾಯಲಾಗದೆ ಲಿಂಗಸುಗೂರಿಗೆ ಹೊರಟ ಭತ್ತದ ಲಾರಿಯೊಂದನ್ನು ಹತ್ತಿದೆ. ಅದು ಪ್ರತಿ ತಗ್ಗಿಗೂ ನಿಧಾನಿಸಿದಾಗ ಹಲ್ಲು ಕಚ್ಚಿದೆ.

ಆಸ್ಪತ್ರೆ ಮುಟ್ಟಿದಾಗ ಗಡ್ಡೆ ಕೆರೆದು ಆಗಿತ್ತು, ಹರಳು ತುಂಬಿರಲಿಲ್ಲ. ನರ್ಸ್ ಕೈಲಿ ಹೇಳಿಕಳಿಸಿದೆ. ನೀಲಮ್ಮನಿಗೆ ಸೊಂಟದ ಕೆಳಗಷ್ಟೇ ಅರಿವಳಿಕೆ, ಎಚ್ಚರವಿದ್ದರು. ಸುಟ್ಟು ಶುದ್ಧ ಮಾಡಿದ್ದು, ಅಪಾಯವಿಲ್ಲ, ಹಾಕಲೋ ಬೇಡವೋ ನೀವೇ ಹೇಳಿ ಎಂದರಂತೆ ಸರ್ಜನ್. “ನನ್ನ ಸೊಂಟದ್ದ ತಗೀರಿ,” ಎಂದರಂತೆ ಆಕೆ.

ಮರುದಿನ ವಾರ್ಡಿಗೆ ಹೋದೆ. ಸರ್ಜನ್ ನನ್ನ ಮುಖ ನೋಡಲಿಲ್ಲ. ಮೊದಲೇ ವಿಚಾರಿಸಿದ್ದರೆ ಹಳೆಯ ಬಗೆಯ ಮಾಲು ಮತ್ತೆ ಬರುವ ತನಕ ಆಪರೇಷನ್ ಮುಂದೂಡಬಹುದಿತ್ತು, ಈ ಎರಡನೇ ಗಾಯ ನಿಮ್ಮದು ಎಂದರು. ನೀಲಮ್ಮ ಸೊಂಟದ ಮೇಲೆ ಕೈಯಿಟ್ಟುಕೊಂಡು ಮಲಗಿದ್ದರು.

“ನೀ ತಿರುಗಿ ಬಂದಿ, ಅದು ಖರೆ,” ಎಂದರು. “ಆದ್ರ ಗೊತ್ತಿಲ್ಲ, ನೋಡಿ ಹೇಳ್ತೀನಿ ಅಂತ ಮುಂಜಾನೇನ ಅಂದಿದ್ರ ಏನ್ ಹೋಗ್ತಿತ್ತಪಾ ನಿಂದು?”

ಅವರ ಕಾಲು ವಾಸಿಯಾಯಿತು, ಸೊಂಟದ ನೋವು ಬಹಳ ದಿನ ಉಳಿಯಿತು. ಬೇಡಿಕೆಯ ವರದಿಯಲ್ಲಿ ಸೊನ್ನೆ ಬರೆದೆ. ಕಾರಣದ ಜಾಗದಲ್ಲಿ, ಇಲ್ಲಿನ ಜನ ಇದು ಯಾವುದರದು ಎಂದು ಮೊದಲು ಕೇಳುತ್ತಾರೆ, ಮಾರುವವನಿಗೇ ಅದು ಗೊತ್ತಿರಲಿಲ್ಲ ಎಂದು ಬರೆದು ಸಹಿ ಹಾಕಿದೆ. ನಿವೃತ್ತನಾಗುವವರೆಗೂ ಗೊತ್ತಿಲ್ಲ, ನೋಡಿ ಹೇಳುತ್ತೇನೆ ಎಂದು ಅದೆಷ್ಟೋ ಸಲ ಹೇಳಿದ್ದೇನೆ. ಹೇಳಬೇಕಾದ ದಿನ ಮಾತ್ರ ಹೇಳಲಿಲ್ಲ.