ಬೋರೆಪಾಳ್ಯದ ನೀರುಗಂಟಿ ಹೇಳಿದ ಸಾಕ್ಷಿ

ಮೂಡಣ ಆಗಷ್ಟೇ ಬೆಳ್ಳಗಾಗುತ್ತಿದೆ. ತೆಂಗಿನ ಸಾಲಿನ ನಡುವೆ ಮೊಣಕಾಲುದ್ದದ ಗುಂಡಿಯಲ್ಲಿ ಕೂತು ಲಕ್ಕಯ್ಯ ಒಡೆದ ಪೈಪಿಗೆ ಹಳೆಯ ಸೈಕಲ್ ಟ್ಯೂಬಿನ ಪಟ್ಟಿ ಸುತ್ತುತ್ತಿದ್ದಾರೆ. ನಿನ್ನೆ ಮಧ್ಯಾಹ್ನ ಕಲ್ಲು ಕ್ವಾರಿಯಲ್ಲಿ ಸಿಡಿಸಿದ ಮದ್ದಿಗೆ ನೆಲ ಅದುರಿ ಪೈಪಿನ ಜಾಯಿಂಟು ಬಿಟ್ಟುಕೊಂಡಿದೆ. ಪಟ್ಟಿ ಬಿಗಿದು, ಮಣ್ಣು ಮುಚ್ಚಿ, ವಾಲ್ವ್ ತಿರುಗಿಸುವ ಮುನ್ನ ಅದನ್ನು ಮುಟ್ಟಿ ಕಣ್ಣಿಗೊತ್ತಿಕೊಳ್ಳುತ್ತಾರೆ. ಗಂಗಮ್ಮತಾಯಿ ಬರುವ ಬಾಗಿಲಲ್ಲವೇ ಅದು!

‘ಈ ವರ್ಸ ಇದು ಮೂವತ್ತೊಂದನೇ ಸಲ ಕಣ್ರೀ. ಅವ್ರು ಕಲ್ಲು ಒಡೀತಾರೆ, ನಾನು ಪೈಪು ಕಟ್ತೀನಿ.’

ಕಿಬ್ಬನಹಳ್ಳಿಯಿಂದ ತೋಟದ ದಾರಿ ಹಿಡಿದು ಒಳಗೆ ಹೋದರೆ ಬೋರೆಪಾಳ್ಯ ಸಿಗುತ್ತದೆ. ಇರುವುದೇ ಹನ್ನೊಂದು ಮನೆ. ಐವತ್ತನಾಲ್ಕರ ಲಕ್ಕಯ್ಯ ಇಪ್ಪತ್ತಾರು ವರ್ಷದಿಂದ ಇಲ್ಲಿ ಪಂಚಾಯಿತಿಯ ನೀರುಗಂಟಿ. ಕ್ವಾರಿ ಬಂದದ್ದು ಆರು ವರ್ಷದ ಹಿಂದೆ. ಕೊನೆಯ ಮನೆಯಿಂದ ಅದರ ಅಂಚಿಗೆ ಎಷ್ಟು ದೂರ ಎಂದು ಕೇಳಿದರೆ ಅವರು ಮೀಟರಿನಲ್ಲಿ ಹೇಳುವುದಿಲ್ಲ. ‘ಹದಿನೆಂಟು ಪೈಪು’ ಎನ್ನುತ್ತಾರೆ. ಒಂದು ಪೈಪಿಗೆ ಇಪ್ಪತ್ತಡಿ.

ವಾಸದ ಮನೆಗಳ ಇಷ್ಟು ಸಮೀಪ ಪರವಾನಗಿ ಕೊಟ್ಟದ್ದು ತಪ್ಪು ಎಂದು ಊರವರು ಕೋರ್ಟಿಗೆ ಹೋಗಿ ನಾಲ್ಕು ವರ್ಷವಾಯಿತು. ಕ್ವಾರಿಯವರದು ಒಂದೇ ಉತ್ತರ: ಅಲ್ಲಿ ವಾಸದ ಮನೆಗಳೇ ಇಲ್ಲ. ಪಂಚಾಯಿತಿ ದಾಖಲೆಯಲ್ಲಿ ಹನ್ನೊಂದೂ ಕಟ್ಟಡಗಳ ಮುಂದೆ ‘ಕೊಬ್ಬರಿ ದಾಸ್ತಾನು’ ಎಂದಿದೆ. ಬರೆದ ಕೈ ಲಕ್ಕಯ್ಯನವರದೇ.

ಈ ಸೀಮೆಯಲ್ಲಿ ಕೆಳಗೆ ಜನ, ಮೇಲೆ ಅಟ್ಟದ ತುಂಬ ಕಾಯಿ. ಒಲೆಯ ಹೊಗೆ ಉಂಡು ಹತ್ತು ಹನ್ನೊಂದು ತಿಂಗಳಿಗೆ ಕಾಯಿ ಕೊಬ್ಬರಿಯಾಗುತ್ತದೆ. ಕ್ವಾರಿ ಬರುವ ಎಷ್ಟೋ ಮೊದಲು, ಒಂದು ಬೇಸಿಗೆಯಲ್ಲಿ ಒಲೆಯ ಕಿಡಿ ಹಾರಿ ತೋಂಟದಾರ್ಯ ಎಂಬವರ ಅಟ್ಟ ಸುಟ್ಟುಹೋಯಿತು. ಕೊಬ್ಬರಿ ಇತ್ತೆಂಬುದಕ್ಕೆ ದಾಖಲೆಯಿಲ್ಲವೆಂದು ಅವರಿಗೆ ಪರಿಹಾರ ಸಿಗಲಿಲ್ಲ. ಮರುವರ್ಷವೇ ಪಂಚಾಯಿತಿಯ ಕಟ್ಟಡ ಗಣತಿ. ಪ್ರತಿ ಮನೆಯ ಗುರುತು ಬಲ್ಲವರೆಂದು ಲಕ್ಕಯ್ಯನವರ ಕೈಗೆ ಫಾರಂ ಕೊಟ್ಟರು. ಕಟ್ಟಡದ ಬಳಕೆ ಬರೆಯಲು ಇದ್ದದ್ದು ಒಂದೇ ಕಲಂ. ‘ಕೊಬ್ಬರಿ ಐತೆ ಅಂತ ಬರ್ಕಳಪ್ಪಾ’ ಎಂದು ಎಲ್ಲರೂ ದುಂಬಾಲು ಬಿದ್ದರು. ಜನ ಇದ್ದಾರೆಂದು ಬರೆಯಬೇಕೆಂಬುದು ಯಾರಿಗೂ ಹೊಳೆಯಲಿಲ್ಲ. ಒಲೆ ಉರಿಯುವ ಮನೆಯಲ್ಲಿ ಜನ ಇರದೆ ಮತ್ತಾರು ಇರುತ್ತಾರೆ?

ಹೋದ ವರ್ಷ ಊರವರ ವಕೀಲೆ ರಾಧಾಮಣಿ ಲಕ್ಕಯ್ಯನವರನ್ನು ಸಾಕ್ಷಿಗೆ ನಿಲ್ಲಿಸಿದರು. ಎದುರು ವಕೀಲರು ಆ ಫಾರಮನ್ನೇ ಮುಂದೆ ಹಿಡಿದರು.

‘ಈ ಸಹಿ ಯಾರದ್ದು?’

‘ನಂದೇ ಸ್ವಾಮಿ. ಆದ್ರೆ ಕೆಳಗೆ ಜನ ಅವ್ರೆ. ದಿನಾ ನೀರು ಬಿಡೋನು ನಾನು. ಕೊಬ್ಬರಿ ಬಿಂದಿಗೆ ಹಿಡ್ಕಂಡು ನಲ್ಲಿ ಮುಂದೆ ನಿಂತ್ಕತದಾ?’

ಕೋರ್ಟಿನಲ್ಲಿ ನಗು ಎದ್ದಿತು. ‘ಕೇಳಿದ್ದಕ್ಕಷ್ಟೇ ಉತ್ತರ ಕೊಡಿ’ ಎಂದರು ವಕೀಲರು. ಆಮೇಲೆ ಪಂಚಾಯಿತಿ ದಾಖಲೆಯನ್ನೇನೋ ತಿದ್ದಿಕೊಟ್ಟಿತು. ಪರವಾನಗಿ ಕೊಟ್ಟ ಮೇಲೆ ತಿದ್ದಿದ್ದು ನಡೆಯದು ಎಂದು ಕ್ವಾರಿಯವರು ಅದಕ್ಕೂ ತಕರಾರು ಹಾಕಿದ್ದಾರೆ.

ನೀರು ಬಂದ ಸದ್ದಿಗೆ ಗುರುಸಿದ್ದಮ್ಮ ಹೊರಗೆ ಬರುತ್ತಾರೆ. ಹಣೆಯಲ್ಲಿ ವಿಭೂತಿ, ಬೆನ್ನ ಹಿಂದೆ ಗೋಡೆಯಲ್ಲಿ ಕೈ ತೂರುವಷ್ಟು ಬಿರುಕು.

‘ಏನ್ಲಾ ಲಕ್ಕಯ್ಯ, ಆ ಜಡ್ಜನ್ನ ಒಂದಿನ ಕರ್ಕಂಬಾ. ಒಲೆ ಮುಂದೆ ಕೂರ್ಸಿ ಎರಡು ರೊಟ್ಟಿ ಹಾಕ್ತೀನಿ. ತಿಂದಾದ್ಮೇಲೆ ಇದು ಮನೆ ಅಲ್ಲ ಅನ್ಲಿ ನೋಡಾನ.’

‘ಅವ್ರು ಬರಾಕಿಲ್ಲ ಅಮ್ಮಾರೆ.’

‘ಬರ್ದಿದ್ರೆ ಬುಡು. ಅದ್ಕೆ ನೀನ್ಯಾಕೆ ತಲೆ ತಗ್ಗಿಸ್ತೀಯ? ಬರ್ಸಿದ್ದು ನಾವಲ್ವೇನ್ಲಾ!’

ಆ ಮಾತಿನಿಂದ ಲಕ್ಕಯ್ಯನವರಿಗೆ ಸಮಾಧಾನವಾದಂತೆ ಕಾಣುವುದಿಲ್ಲ. ಮದ್ದಿನ ಸದ್ದಿಗೆ ಹೆದರಿ ಒಂದೊಂದೇ ಸಂಸಾರ ತಿಪಟೂರಿಗೆ ಬಾಡಿಗೆ ಮನೆ ಹುಡುಕಿಕೊಂಡು ಹೋಗಿದೆ. ನಲವತ್ತಾರು ಜನರಿದ್ದ ಪಾಳ್ಯದಲ್ಲಿ ಈಗ ನಾಲ್ಕು ಮನೆಗಳಲ್ಲಿ ಹದಿಮೂರು ಜನ. ಉಳಿದ ಏಳು ಮನೆಗಳಿಗೆ ಬೀಗ. ಒಳಗೆ ಅಟ್ಟದ ಮೇಲೆ ಕಾಯಿಯಷ್ಟೇ ಇದೆ.

‘ನಾನು ಬರ್ದಿದ್ದು ಸುಳ್ಳು ಅಂತ ಹೇಳಾಕೆ ಕೋರ್ಟಿಗೆ ಹೋದೆ’ ಎನ್ನುತ್ತಾರೆ ಅವರು, ಬೀಗ ಬಿದ್ದ ಬಾಗಿಲುಗಳನ್ನು ದಾಟುತ್ತ. ‘ಈಗ ನೋಡಿದ್ರೆ ಅದೇ ನಿಜ ಆಗ್ತೈತೆ. ಶಿವ ಯಾಕಾದ್ರೂ ನನ್ನ ಕೈಲಿ ಬರ್ಸಿದ್ನೋ.’

ವಾದ ಮುಗಿದಿದೆ. ತೀರ್ಪು ಇನ್ನೂ ಬಂದಿಲ್ಲ. ಗೆಲ್ಲುವ ಭರವಸೆ ಉಂಟೇ ಎಂದರೆ ಅವರು ಇಲ್ಲವೆಂದು ನಿಧಾನವಾಗಿ ತಲೆಯಾಡಿಸುತ್ತಾರೆ. ಹಾಗಾದರೆ ಏನು ಬೇಕು?

‘ಸೋತ್ರೆ ಸೋಲಾನ ಬುಡಿ. ಆ ಆರ್ಡರಿನಾಗೆ ಒಂದೇ ಒಂದು ಸಾಲು ಬರೀಲಿ ಸ್ವಾಮಿ, ಇಲ್ಲಿ ಜನ ಬಾಳ್ತಾ ಇದ್ರು ಅಂತ.’