ಅಕ್ಕನ ಒಗೆಯದ ಕೋಟು

ನಮ್ಮಕ್ಕನ ಪಕ್ಕದಲ್ಲಿ ಬಸ್ಸಿನಲ್ಲೂ ಯಾರೂ ಕೂರುವುದಿಲ್ಲ. ಪ್ರಾಣಿಹಿಂಸೆಯ ದೂರುಗಳ ತನಿಖೆ ಅವಳ ಉದ್ಯೋಗ. ತಲೆ ನರೆತರೂ ಅದೇ ಕೆಲಸ, ಅದೇ ನಾರುವ ಕೋಟು. ಇಲಾಖೆಯ ವ್ಯಾನು ಓಡಿಸುವ ನಾನು ಚಳಿಯಲ್ಲೂ ಕಿಟಕಿ ತೆಗೆದೇ ಇಡುತ್ತೇನೆ. ಕೋಟು ಒಗೆಯದಿರುವುದು ಸೋಮಾರಿತನದಿಂದಲ್ಲ. ಯಾರೋ ಬಚ್ಚಿಟ್ಟ ನಾಯಿಗೆ ಬಾಗಿಲಾಚೆಯಿಂದ ಕೋಟಿಗೆ ಹತ್ತಿದ ಬೇರೆ ನಾಯಿಗಳ ವಾಸನೆ ಬಡಿದರೆ ಸಾಕು, ಬೊಗಳುತ್ತದೆ. ಪ್ರಾಣಿ ಕಣ್ಣಿಗೋ ಕಿವಿಗೋ ಬೀಳದೆ ಅಕ್ಕ ಯಾರ ಬೀಗವನ್ನೂ ಒಡೆಸುವಂತಿಲ್ಲ. ಕಾನೂನಿಗೆ ಮೂಗಿಲ್ಲ ನೋಡಿ.

ಅಮ್ಮನಿಗೆ ಇದೆಲ್ಲ ಬರೀ ನೆಪ. ಒಂದು ದಿನ ರಾತ್ರಿಯೇ ಕೋಟನ್ನು ಘಮಘಮ ಸೋಪಿನಲ್ಲಿ ಒಗೆದು, ಬೆಳಿಗ್ಗೆ ಇಸ್ತ್ರಿ ಮಾಡಿ ತೂಗುಹಾಕಿದ್ದಳು.

"ನಾಲ್ಕು ಜನರ ಮನೆ ಬಾಗಿಲಿಗೆ ಹೋಗೋಳು, ಹಿಂಗಾ ಹೋಗೋದು?"

"ನನ್ನ ಕೆಲಸಾನೇ ಕೆಡಿಸಿಬಿಟ್ಯಲ್ಲಮ್ಮ!" ಅಕ್ಕ ತಿಂಡಿ ಬಿಟ್ಟು ಎದ್ದಳು.

ಹೋಗಬೇಕಾದದ್ದು ಹಳೇ ಟೈರಿನ ಗೋದಾಮಿಗೆ. ಒಳಗೆ ಊಳಿಡುತ್ತಿದ್ದ ನಾಯಿ ಇದ್ದಕ್ಕಿದ್ದಂತೆ ಸುಮ್ಮನಾಗಿದೆ ಎಂದು ಪಕ್ಕದ ದರ್ಜಿ ಹೆಂಗಸು ದೂರು ಕೊಟ್ಟಿದ್ದಳು. ಜೊತೆಗೆ ಬಂದ ಪೊಲೀಸಪ್ಪ ಆಕಳಿಸುತ್ತಾ ನಿಂತ.

"ನಾಯೀನಾ? ಇಲ್ಲಿ ಇಲಿ ಕೂಡ ಇಲ್ಲ ಮೇಡಂ," ಎಂದ ಮಾಲೀಕ.

"ಆ ತಗಡಿನ ಬಾಗಿಲ ಹಿಂದೆ?"

"ಗುಜರಿ. ಕೀಲಿ ಕಳೆದುಹೋಗಿದೆ."

ಹೀಗೆನ್ನುವಾಗಲೂ ಅವನ ಬೆರಳಲ್ಲಿ ಕೀಲಿಗೊಂಚಲು ತಿರುಗುತ್ತಿತ್ತು. ಗೇಟಿನಲ್ಲಿ ಟಾರ್ಪಾಲು ಹೊದಿಸಿದ ಗಾಡಿ ಇಂಜಿನ್ ಆರಿಸದೆ ಕಾಯುತ್ತಿತ್ತು. ನಾವು ಬೆನ್ನು ತಿರುಗಿಸಿದರೆ ನಾಯಿ ಅದರಲ್ಲಿ ಮಾಯವಾಗುವುದು ಖಂಡಿತ.

ಅಕ್ಕ ಬಾಗಿಲಿಗೆ ಒರಗಿ ನಿಂತಳು. ಒಳಗೆ ಸದ್ದೇ ಇಲ್ಲ. ಅವಳ ಕೋಟಿನ ಸೋಪಿನ ಘಮ ನನಗೇ ಹೊಡೆಯುತ್ತಿತ್ತು. ಅಮ್ಮನ ಮೇಲೆ ಮೈಯೆಲ್ಲ ಉರಿಯಿತು.

"ಆಯ್ತಾ? ನಂಗೂ ಕೆಲಸ ಇದೆ," ಎಂದ ಮಾಲೀಕ.

"ಸ್ವಲ್ಪ ಇರಿ." ಅಕ್ಕ ನನ್ನ ಕಡೆ ತಿರುಗಿದಳು. "ತಮ್ಮಾ, ವ್ಯಾನಲ್ಲಿರೋ ಕಂಬಳಿ ತಗೊಂಬಾ."

ನಾವು ಬಿಡಿಸಿ ತಂದ ನಾಯಿಗಳೆಲ್ಲ ಮಲಗಿದ ಕಂಬಳಿ ಅದು. ಅಕ್ಕ ಅದರ ಅಂಚನ್ನು ಬಾಗಿಲ ಕೆಳಗಿನ ಸಂದಿಗೆ ತುರುಕಿ, ಕೆನ್ನೆಯನ್ನು ಸಿಮೆಂಟಿಗೆ ಒತ್ತಿ ಬೋರಲಾಗಿ ಮಲಗಿದಳು. ಮಾಲೀಕನ ಬೂಟು ಅವಳ ಬೆರಳ ಪಕ್ಕಕ್ಕೇ ಬಂತು.

ಬೊಗಳುವ ಸದ್ದು ಕೇಳಿಸಲಿಲ್ಲ. ಕಂಬಳಿಯ ಅಂಚು ಮಾತ್ರ ಅಲುಗಿತು. ಆಮೇಲೆ ಸಂದಿಯಲ್ಲಿ ಒಂದು ಒಣಗಿದ ಕಪ್ಪು ಮೂಗು.

"ಕಾಣಿಸ್ತು!" ಅಕ್ಕ ಕೂಗಿದಳು. "ಒಡೀರಿ ಬೀಗ!"

ಪೊಲೀಸಪ್ಪನ ಆಕಳಿಕೆ ಅಲ್ಲಿಗೇ ನಿಂತಿತು.

ಒಳಗೆ ಮೂಳೆ ಚಕ್ಕಳವಾದ ಹೆಣ್ಣುನಾಯಿ. ಮೂತಿಗೆ ತಂತಿ ಬಿಗಿದಿದ್ದರು. ಕೋಟು ಎಷ್ಟೇ ನಾರಿದ್ದರೂ ಅದು ಬೊಗಳುವಂತಿರಲಿಲ್ಲ. ಪಾಪ, ಅಮ್ಮನನ್ನು ಸುಮ್ಮನೆ ಬೈದುಕೊಂಡಿದ್ದೆವು. ತಂತಿ ಕತ್ತರಿಸಿದಾಗ ರಕ್ತ ಸುರಿಯಿತು. ನಾನು ಕಂಬಳಿ ಚಾಚಿದೆ.

"ಅದು ಕೊಳೆ ಕಣೋ, ಗಾಯ ಕೀವಾಗತ್ತೆ." ಅಕ್ಕ ಇಸ್ತ್ರಿ ಕೋಟು ಬಿಚ್ಚಿ ಮೂತಿಗೆ ಒತ್ತಿದಳು. ನಾಯಿ ಕಚ್ಚಲಿಲ್ಲ. ಅವಳ ತೊಡೆಯ ಮೇಲೆ ತಲೆಯಿಟ್ಟಿತು. ಅಕ್ಕ ಬಿಕ್ಕಿ ಬಿಕ್ಕಿ ಅತ್ತಳು, ನಾನೂ ಅತ್ತೆ.

ವ್ಯಾನಿನಿಂದ ಮನೆಗೆ ಫೋನ್ ಮಾಡಿದಳು. "ಅಮ್ಮಾ, ಕೋಟು ಒಗೆದಿದ್ದು ಒಳ್ಳೇದಾಯ್ತು."

"ಈಗಲಾದ್ರೂ ಬುದ್ಧಿ ಬಂತಲ್ಲ. ತಗೊಂಬಾ, ಮತ್ತೆ ಒಗೀತೀನಿ."

ಅಕ್ಕ ತೊಡೆಯ ಮೇಲಿನ ತಲೆ ಸವರಿದಳು. "ಬೇಡಮ್ಮಾ. ಮುಂದಿನ ಬಾಗಿಲಿಗೆ ಇವಳ ವಾಸನೆ ಬೇಕು."