ಸಮಾಧಿಗೂ ಊಟಕ್ಕೂ ನಡುವೆ

ತೊಂಬತ್ತರ ದಶಕದಲ್ಲಿ ಜನರಿಗೆ ವಿದೇಶ ಪ್ರವಾಸ ಏರ್ಪಡಿಸುವುದು ನನ್ನ ಕಸುಬು. ಪಾಂಡವಪುರದ ನಿವೃತ್ತ ಸುಬೇದಾರರೊಬ್ಬರಿಗೆ, ತಮ್ಮ ಅಪ್ಪ ಎರಡನೇ ಮಹಾಯುದ್ಧದಲ್ಲಿ ಕಾದಾಡಿದ ಇಟಲಿಯ ಜೊತೆಗೆ ಫ್ರಾನ್ಸು, ಜರ್ಮನಿಯ ರಣಭೂಮಿಗಳನ್ನೂ ನೋಡಬೇಕಿತ್ತು. ಅವರ ಜಗಲಿಯಲ್ಲಿ ನಕ್ಷೆ ಹರಡಿ ಜಂಬದಿಂದಲೇ ವಿವರಿಸಿದೆ: ಪ್ರತಿ ಊರಲ್ಲೂ ಬೆಳಿಗ್ಗೆ ಸೈನಿಕರ ಸಮಾಧಿ, ಅಲ್ಲಿಂದ ನೇರ ಊಟ, ಆಮೇಲೆ ಮುಂದಿನ ಊರಿಗೆ ರೈಲು.

ಹಾಲು ಕರೆದು ಬಂದ ಅವರ ಹೆಂಡತಿ ಕೇಳಿದರು: "ಮಸಣದಿಂದ ಸೀದಾ ಉಣ್ಣಕ್ಕಾ? ಸ್ನಾನ ಎಲ್ಲಪ್ಪ?"

"ಅವರು ಸತ್ತು ಐವತ್ತು ವರ್ಷ ಆಯ್ತಮ್ಮ. ಶ್ರೀರಂಗಪಟ್ಟಣದಲ್ಲಿ ಸುಲ್ತಾನ ಬಿದ್ದ ಜಾಗ ನೋಡಿ ಬಂದು ಸ್ನಾನ ಮಾಡ್ತೀರಾ?"

"ಅಲ್ಲಿ ಪಕ್ದಲ್ಲೇ ಕಾವೇರಿ ಅವ್ಳೆ, ಕಾಲಾದ್ರೂ ತೊಳ್ಕೊಂಡು ಬತ್ತೀವಿ. ಇಟಲೀಲಿ ಮಲಗಿರೋರು ನಮ್ ಮಾವನ ಜೊತೆಗಾರ್ರು ಕಣಪ್ಪ. ಮೀಯದೆ ಉಂಡ್ರೆ ಅವ್ರು ನಮಗೇನೂ ಅಲ್ಲ ಅಂದಂಗೆ."

ಸುಬೇದಾರರು ನಕ್ಷೆ ಮಡಚಿ ನನ್ನ ಕೈಗಿಟ್ಟರು. "ಇವ್ಳು ಬರದೇ ಇದ್ರೆ ನಾನೂ ಬರಲ್ಲ."

ಪ್ಲಾನು ಪೂರಾ ಬದಲಿಸಿ, ಪ್ರತಿ ಸಮಾಧಿಯಾದ ಮೇಲೂ ಬಿಸಿನೀರಿರುವ ಒಂದು ರೂಮು ಗೊತ್ತುಮಾಡಿದೆ. ಈ ಥರದ ವ್ಯವಸ್ಥೆ ನನ್ನ ಬಿಟ್ಟರೆ ಇನ್ಯಾರೂ ಮಾಡಿಸಿರಲಿಕ್ಕಿಲ್ಲ.

ಅವತ್ತು ಮನೆಯಲ್ಲಿ ಊಟಕ್ಕೆ ಕೂತವನು ಎದ್ದು ಮೀಯಲು ಬಚ್ಚಲಿಗೆ ಹೋದೆ. ಈ ಪ್ರವಾಸಕ್ಕೆಂದು ತರಿಸಿದ್ದ ಆ ಸಮಾಧಿಗಳ ಫೋಟೊಗಳನ್ನು ತಿಂಗಳುಗಟ್ಟಲೆ ಎದುರಿಗೆ ಹರಡಿಕೊಂಡೇ ಮುದ್ದೆ ನುಂಗಿದವನು ನಾನೇ ತಾನೆ!